ಪಾಸ್ಟ್ ಲೈವ್ಸ್: ಡಬ್ಬಿಂಗ್ ಬೇಡ, ಮೂಲ ಧ್ವನಿಯಲ್ಲೇ ನೋಡಿ

ಸೆಲೀನ್ ಸಾಂಗ್ 12ನೇ ವಯಸ್ಸಿಗೆ ದಕ್ಷಿಣ ಕೊರಿಯಾ ಬಿಟ್ಟು ಕೆನಡಾಗೆ ಹೋದವರು. ನಾಟಕ ಬರೆಯುತ್ತಿದ್ದ ಅವರ ಮೊದಲ ಸಿನಿಮಾ ಇದು, 2023ರದ್ದು. ಇದರ ನಾಯಕಿ ನೋರಾ ಕೂಡ 12ಕ್ಕೇ ಸಿಯೋಲ್ ಬಿಡುತ್ತಾಳೆ.

ಡಬ್ ಆದದ್ದನ್ನು ಯಾಕೆ ನೋಡಬಾರದು ಅಂದರೆ, ಕಥೆಯ ಜೀವ ಇರುವುದೇ ಎರಡು ಭಾಷೆಗಳ ನಡುವೆ. ಬಾರ್‌ನಲ್ಲಿ ಮೂವರು ಕೂತಿದ್ದಾರೆ: ನಡುವೆ ನೋರಾ, ಒಂದು ಪಕ್ಕ ಬಾಲ್ಯದ ಗೆಳೆಯ ಹೇ ಸಂಗ್, ಇನ್ನೊಂದು ಪಕ್ಕ ಅಮೆರಿಕನ್ ಗಂಡ ಆರ್ಥರ್. ಮೊದಮೊದಲು ಅವನ ಮಾತನ್ನು ಇವನಿಗೆ, ಇವನದನ್ನು ಅವನಿಗೆ ದಾಟಿಸುತ್ತಾಳೆ. ಬರಬರುತ್ತಾ ಅದು ನಿಂತು ಮಾತೆಲ್ಲ ಕೊರಿಯನ್‌ಗೆ ಹೊರಳುತ್ತದೆ. ಆರ್ಥರ್ ಹೆಂಡತಿಯ ಪಕ್ಕದಲ್ಲೇ ಕೂತು ಹೊರಗಿನವನಾಗುತ್ತಾನೆ. ಎಲ್ಲರ ಬಾಯಲ್ಲೂ ಒಂದೇ ಭಾಷೆ ತುರುಕಿದರೆ ಈ ದೃಶ್ಯ ಸತ್ತಂತೆ. ಸಬ್‌ಟೈಟಲ್ ಆನ್ ಆಗಿದೆಯೇ ಎಂದು ಶುರುವಿಗೇ ನೋಡಿಕೊಳ್ಳಿ. ಆರಂಭದ ಮಾತು ಇಂಗ್ಲಿಷಿನಲ್ಲೇ ಇರುವುದರಿಂದ, ಆಫ್ ಆಗಿದ್ದರೂ ಆಗ ಗೊತ್ತಾಗುವುದಿಲ್ಲ.

ವಲಸೆ ಏನು ಮಾಡುತ್ತದೆ ಎಂಬುದನ್ನು ಸಾಂಗ್ ಭಾಷಣದಲ್ಲಿ ಹೇಳಿಸುವುದಿಲ್ಲ. ಊರು ಬಿಡುವ ಮುನ್ನ ನಾ ಯಂಗ್ ಎಂಬ ಹುಡುಗಿಗೆ ನೋರಾ ಎಂಬ ಹೆಸರಾಗುತ್ತದೆ. 12 ವರ್ಷ ಕಳೆದ ಮೇಲೆ ಹೇ ಸಂಗ್ ಫೇಸ್‌ಬುಕ್‌ನಲ್ಲಿ ಹುಡುಕುವುದು ಹಳೆಯ ಹೆಸರನ್ನು. ಆ ಹೆಸರಿನವಳು ಅಲ್ಲಿಲ್ಲ. ಮುಂದೆ ಸ್ಕೈಪ್ ಕರೆಗಳು. ಒಬ್ಬರಿಗೆ ಹಗಲಾದರೆ ಇನ್ನೊಬ್ಬರಿಗೆ ರಾತ್ರಿ, ನಡುನಡುವೆ ಹೆಪ್ಪುಗಟ್ಟುವ ಮುಖ. ಈ ಭಾಗ ತುಸು ಎಳೆದಂತೆ ಅನಿಸಬಹುದು, ಆದರೆ ದೂರ ಮೈಗೆ ತಾಗುವುದು ಇಲ್ಲೇ.

'ಇನ್‌ಯನ್' ಎಂಬ ಕೊರಿಯನ್ ಮಾತು ಮತ್ತೆ ಮತ್ತೆ ಬರುತ್ತದೆ. ದಾರಿಯಲ್ಲಿ ಇಬ್ಬರ ಬಟ್ಟೆ ಸೋಕಿದರೂ ಅದು ಇನ್‌ಯನ್. ಮದುವೆಯಾದರೆ 8,000 ಜನ್ಮಗಳ 8,000 ಪದರ. ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ, ಋಣಾನುಬಂಧ ಎಂಬ ಪದ ಬಾಯಲ್ಲೇ ಇದೆ. ನಮ್ಮದರಲ್ಲಿ ತೀರಿಸಬೇಕಾದ ಸಾಲದ ಭಾರವಿದೆ, ಅವರದರಲ್ಲಿ ಅದಿಲ್ಲ. ಅಷ್ಟು ಬಿಟ್ಟರೆ ಎರಡೂ ನೆಂಟರೇ.

ಕೊರತೆಯೂ ಇದೆ. ನೋರಾಳ ಅಪ್ಪ ಸಿನಿಮಾ ನಿರ್ದೇಶಕ, ಅಮ್ಮ ಕಲಾವಿದೆ. ಊರು ಬಿಡುವ ತೀರ್ಮಾನ ಅವರದು. ಕೆನಡಾ ಮುಟ್ಟಿದ ಮೇಲೆ ಅವರು ಕಥೆಯಿಂದ ಹೆಚ್ಚುಕಡಿಮೆ ಮಾಯ. ಹೊಸ ನೆಲದಲ್ಲಿ ದುಡಿದು ಬೇರೂರಿದ ಕಷ್ಟ ನೋಡಬೇಕೆನ್ನುವವರಿಗೆ ಇಲ್ಲಿ ಸಿಗುವುದು ಕಡಿಮೆ.

ಮೊಬೈಲ್‌ನಲ್ಲಿ ನೋಡಬೇಡಿ. 35 ಎಂಎಂ ಫಿಲ್ಮ್‌ನಲ್ಲಿ ತೆಗೆದ ಚಿತ್ರ, ದೊಡ್ಡ ಚೌಕಟ್ಟಿನಲ್ಲಿ ಸಣ್ಣ ಮನುಷ್ಯರು. ಶುರುವಿನಲ್ಲಿ ಓಣಿ ಕವಲೊಡೆಯುವಲ್ಲಿ ಹುಡುಗ ನೇರ ಹೋಗುತ್ತಾನೆ, ಹುಡುಗಿ ಮೆಟ್ಟಿಲು ಹತ್ತುತ್ತಾಳೆ. ಅದನ್ನು ನೆನಪಿಟ್ಟುಕೊಳ್ಳಿ. ಕೊನೆಯಲ್ಲಿ ಇಬ್ಬರೂ ಪರದೆಯ ಎಡಕ್ಕೆ ನಡೆದು ಹೋಗಿ, ಊಬರ್ ಬರುವವರೆಗೆ ಮಾತಿಲ್ಲದೆ ಎದುರುಬದುರು ನಿಲ್ಲುತ್ತಾರೆ. ಕಾರು ಹೊರಟ ಮೇಲೆ ಅವಳೊಬ್ಬಳೇ ಬಲಕ್ಕೆ, ಮನೆಯತ್ತ ತಿರುಗುತ್ತಾಳೆ. ಕ್ಯಾಮೆರಾ ಅವಳ ಜೊತೆಗೇ ಅಷ್ಟೂ ದೂರ ವಾಪಸ್ ಬರುತ್ತದೆ.