ಆಟಗಳನ್ನು ಹೊಸ ಎಸ್‌ಎಸ್‌ಡಿಗೆ ಸಾಗಿಸುವ ದಾರಿಗಳು: ಎರಡು ಕಂಪ್ಯೂಟರ್‌ಗಳಲ್ಲಿ ಮಾಡಿ ನೋಡಿದ ಹೋಲಿಕೆ

ಬಾಲ್ಡರ್ಸ್ ಗೇಟ್ 3 ಆಟದ ಮೂರನೆಯ ಅಂಕದಲ್ಲಿ ಉಳಿಸಿಟ್ಟ ಜಾಗಕ್ಕೆ ಮರಳಲು ನನ್ನ ಕಂಪ್ಯೂಟರಿಗೆ ಎರಡು ನಿಮಿಷ ಹತ್ತು ಸೆಕೆಂಡು ಬೇಕಾಗುತ್ತಿತ್ತು. ಮಳೆಗಾಲದ ಒಂದು ಶನಿವಾರ ಮುಂಬಯಿಯ ಮುಲುಂಡಿನಿಂದ ಬಂದಿದ್ದ ಅಕ್ಕನ ಮಗ ಮೊಬೈಲಿನಲ್ಲಿ ಹೊತ್ತು ಅಳೆದು, “ಮಾಮ, ಇಷ್ಟರಲ್ಲಿ ಲೋಕಲ್ ಗಾಡಿ ಡೊಂಬಿವಲಿ ಬಿಟ್ಟು ಠಾಕುರ್ಲಿ ಹತ್ತಿರ ಹೋಗಿರುತ್ತದೆ” ಎಂದ. ಆ ಆಟಕ್ಕೆ ಎಸ್‌ಎಸ್‌ಡಿ, ಅಂದರೆ ತಿರುಗುವ ತಟ್ಟೆಗಳಿಲ್ಲದ ವೇಗದ ಡ್ರೈವ್, ಬೇಕೆಂದು ತಯಾರಕರೇ ಬರೆದಿದ್ದಾರೆ. ನಾನು ಅದನ್ನು ಹಳೆಯ 1 ಟಿಬಿ ಹಾರ್ಡ್ ಡಿಸ್ಕಿನಲ್ಲಿ ಇಟ್ಟುಕೊಂಡು ವರ್ಷ ಕಳೆದಿದ್ದೆ. ಅವನ ಮನೆಯ ಕಂಪ್ಯೂಟರಿನ ಸ್ಥಿತಿ ಇನ್ನೂ ಕೆಟ್ಟದಿತ್ತು. ಅಲ್ಲಿನ ಡಿಸ್ಕು ಟಕ್ ಟಕ್ ಎಂದು ಸದ್ದು ಮಾಡಲು ಶುರುಮಾಡಿತ್ತು.

ಮುಂದಿನ ಶನಿವಾರ ಇಬ್ಬರೂ ದಾದರಿನಲ್ಲಿ ಗಾಡಿ ಬದಲಿಸಿ, ಗ್ರ್ಯಾಂಟ್ ರೋಡಿನಲ್ಲಿ ಇಳಿದು ಕಂಪ್ಯೂಟರ್ ಸಾಮಾನಿನ ಪೇಟೆಯಾದ ಲ್ಯಾಮಿಂಗ್ಟನ್ ರೋಡಿಗೆ ನಡೆದೆವು. ಭಾನುವಾರ ಹೋದರೆ ಅಲ್ಲಿ ಬಹುತೇಕ ಅಂಗಡಿಗಳು ಬಾಗಿಲು ಹಾಕಿರುತ್ತವೆ. ಮದರ್‌ಬೋರ್ಡಿನ ಎಂ.2 ಕಿಂಡಿಯಲ್ಲಿ ನೇರವಾಗಿ ಕೂರುವ, 1 ಟಿಬಿಯ ಎರಡು ಎನ್‌ವಿಎಂಇ ಎಸ್‌ಎಸ್‌ಡಿಗಳನ್ನು ತಂದೆವು. ಅದನ್ನು ಕೂರಿಸುವ ಮೊದಲು ಮದರ್‌ಬೋರ್ಡಿನ ಕೈಪಿಡಿಯನ್ನು ಓದಿ ಎಂದು ಒತ್ತಿ ಹೇಳುತ್ತೇನೆ. ಅನೇಕ ಬೋರ್ಡುಗಳಲ್ಲಿ ಎಂ.2 ಕಿಂಡಿ ತುಂಬಿದ ಕೂಡಲೇ ಕೇಬಲಿನ ಡಿಸ್ಕುಗಳನ್ನು ಸಿಕ್ಕಿಸುವ ಒಂದೋ ಎರಡೋ ಸಾಟಾ ಕಿಂಡಿಗಳು ನಿಂತುಹೋಗುತ್ತವೆ. ನನ್ನ ಹಾರ್ಡ್ ಡಿಸ್ಕು ಹಾಗೆಯೇ ಕಾಣೆಯಾಯಿತು. ಕೇಬಲನ್ನು ಬೇರೆ ಕಿಂಡಿಗೆ ಸಿಕ್ಕಿಸಿದ ಮೇಲೆ ಮರಳಿ ಬಂತು. ಅಲ್ಲಿಯವರೆಗಿನ ಅರ್ಧ ಗಂಟೆ ನನಗೆ ನಿಜವಾದ ಆತಂಕವಿತ್ತು.

ಇನ್ನು ಸಾಗಿಸುವ ಮಾತು. ಮೊದಲು ಮಾಡಿ ನೋಡಿದ್ದು ಆಟಗಳನ್ನು ಮಾರುವ, ಇಳಿಸಿ ತೆರೆಯುವ ಸ್ಟೀಮ್ ಆ್ಯಪ್‌ನ ಒಳಗೇ ಇರುವ ಸೌಲಭ್ಯವನ್ನು. ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಎಂಬ ಪುಟಕ್ಕೆ ಹೋಗಿ ಹೊಸ ಡ್ರೈವನ್ನು ಸೇರಿಸಬೇಕು. ನಂತರ ಹಳೆಯ ಡ್ರೈವಿನಲ್ಲಿರುವ ಆಟಗಳಿಗೆ ಗುರುತು ಹಾಕಿ ಮೂವ್ ಒತ್ತಿದರೆ ಸಾಕು. 150 ಜಿಬಿ ಸುಮಾರಿನ ಬಾಲ್ಡರ್ಸ್ ಗೇಟ್ 3 ಇಪ್ಪತ್ತೈದು ನಿಮಿಷದಲ್ಲಿ ಹೊಸ ಮನೆ ಸೇರಿತು. ಎಲ್ಲಿಯೂ ಏನನ್ನೂ ಸರಿಪಡಿಸಬೇಕಾಗಲಿಲ್ಲ.

ಆದರೆ ಕೈಯಾರೆ ನಕಲು ಮಾಡಿದರೆ ಇನ್ನೂ ಬೇಗ ಆಗುತ್ತದೆ ಎಂದು ಹಲವರು ನಂಬಿದ್ದಾರೆ. ನಾನೂ ನಂಬಿದ್ದೆ. ಅದಕ್ಕಾಗಿ ಸೈಬರ್‌ಪಂಕ್ 2077 ಆಟವನ್ನು ಎರಡು ಬಾರಿ ಸಾಗಿಸಿ ಹೊತ್ತು ಅಳೆದೆ. ಸ್ಟೀಮ್ ಹದಿನಾಲ್ಕು ನಿಮಿಷ ತೆಗೆದುಕೊಂಡಿತು. ವಿಂಡೋಸ್ ಜೊತೆಗೇ ಬರುವ, ಕಡತ ನಕಲು ಮಾಡುವ ಆಜ್ಞೆಯಾದ ರೋಬೋಕಾಪಿ ಹನ್ನೆರಡು ನಿಮಿಷ ತೆಗೆದುಕೊಂಡಿತು, ಕಡತಗಳನ್ನು ಪರಿಶೀಲಿಸಲು ಇನ್ನೆರಡು ನಿಮಿಷ ಹಿಡಿಯಿತು. ಅಲ್ಲಿಗೆ ಲೆಕ್ಕ ಸಮ. ಕಾರಣ ಸರಳವಾಗಿದೆ: ಹಾರ್ಡ್ ಡಿಸ್ಕು ದೊಡ್ಡ ಕಡತವನ್ನು ಸಾಲಾಗಿ ಓದುವಾಗಲೂ ಸೆಕೆಂಡಿಗೆ ನೂರು, ನೂರೈವತ್ತು ಎಂಬಿ ಕೊಟ್ಟರೆ ಹೆಚ್ಚು. ಹೊಸ ಎಸ್‌ಎಸ್‌ಡಿ ಅದರ ಇಪ್ಪತ್ತು ಮೂವತ್ತು ಪಟ್ಟು ವೇಗದಲ್ಲಿ ಓಡಬಲ್ಲದು, ಆದರೆ ಈ ಕೆಲಸದಲ್ಲಿ ಅದು ಕಾಯುತ್ತಾ ಕೂರಬೇಕು. ಯಾವ ಉಪಕರಣ ಬಳಸಿದರೂ ಹಳೆಯ ಡಿಸ್ಕಿನ ವೇಗವನ್ನು ಮೀರಲಾಗದು.

ಹೊತ್ತನ್ನು ನಿರ್ಧರಿಸುವುದು ಗಾತ್ರಕ್ಕಿಂತ ಕಡತಗಳ ಸಂಖ್ಯೆ ಎಂಬುದು ಸಿಟೀಸ್ ಸ್ಕೈಲೈನ್ಸ್ ಸಾಗಿಸುವಾಗ ಗೊತ್ತಾಯಿತು. ಆಟ ಮತ್ತು ಅದಕ್ಕೆ ನಾನು ಸೇರಿಸಿಕೊಂಡ ಕಟ್ಟಡ, ರಸ್ತೆ, ಸೇತುವೆಗಳು ಸೇರಿ ಮೂವತ್ತು ಜಿಬಿ ಇದ್ದವು. ಅಷ್ಟಕ್ಕೇ ನಲವತ್ತು ನಿಮಿಷ ಹಿಡಿಯಿತು, ಐದು ಪಟ್ಟು ದೊಡ್ಡ ಆಟಕ್ಕಿಂತ ಹೆಚ್ಚು! ಸಾವಿರಾರು ಸಣ್ಣ ಕಡತಗಳಿದ್ದರೆ ಹಾರ್ಡ್ ಡಿಸ್ಕಿನ ಓದುವ ಮುಳ್ಳು ಒಂದೊಂದಕ್ಕೂ ಎದ್ದು ಓಡಾಡಬೇಕಾಗುತ್ತದೆ. ಆಟ ತೆರೆಯುವಾಗ ನಾವು ಕಾಯುವುದೂ ಬಹುಮಟ್ಟಿಗೆ ಈ ಓಡಾಟದಿಂದಲೇ. ಇನ್ನೊಂದು ಮಾತು: ಆಟಗಾರರು ಮಾಡಿದ್ದನ್ನು ಹಂಚುವ ಸ್ಟೀಮ್‌ನ ವರ್ಕ್‌ಶಾಪ್‌ನಿಂದ ಬಂದ ಸಾಮಗ್ರಿ ಆಟದ ಫೋಲ್ಡರಿನಲ್ಲಿ ಇರುವುದಿಲ್ಲ. ಸ್ಟೀಮ್‌ಆ್ಯಪ್ಸ್ ಫೋಲ್ಡರಿನ ಒಳಗೆ ಕಾಮನ್ ಎಂಬುದರ ಪಕ್ಕದಲ್ಲಿ ವರ್ಕ್‌ಶಾಪ್ ಎಂಬ ಬೇರೆ ಫೋಲ್ಡರಿದೆ. ಮೊದಲ ಸಲ ಕೈಯಾರೆ ನಕಲು ಮಾಡಿದಾಗ ನಾನು ಅದನ್ನು ಬಿಟ್ಟುಬಿಟ್ಟೆ, ಸ್ಟೀಮ್ ಎಲ್ಲವನ್ನೂ ಮತ್ತೆ ಇಳಿಸಿಕೊಳ್ಳಲು ಕುಳಿತಿತು. ಆಟದ ಗುರುತಿನ ಚೀಟಿಯಂತಿರುವ ಆ್ಯಪ್‌ಮ್ಯಾನಿಫೆಸ್ಟ್ ಕಡತವನ್ನೂ ಜೊತೆಗೆ ಒಯ್ಯಬೇಕು. ಇಷ್ಟೆಲ್ಲ ನೆನಪಿಟ್ಟುಕೊಂಡು ಗಳಿಸುವುದು ಏನೂ ಇಲ್ಲ ಎಂದಮೇಲೆ, ಸ್ಟೀಮ್ ಆಟಗಳನ್ನು ಸ್ಟೀಮ್‌ನಿಂದಲೇ ಸಾಗಿಸಿ. ಈ ವಿಷಯದಲ್ಲಿ ನನಗೆ ಯಾವ ಅನುಮಾನವೂ ಉಳಿದಿಲ್ಲ.

ಬೇರೆ ಅಂಗಡಿಗಳ ಆಟಗಳಿಗೆ ಬೇರೆ ಬೇರೆ ಮನೋಧರ್ಮ. ಎಕ್ಸ್‌ಬಾಕ್ಸ್ ಆ್ಯಪ್‌ನಿಂದ ಬಂದ ಆಟಗಳನ್ನು ಆ ಆ್ಯಪ್‌ನಲ್ಲೇ ಡ್ರೈವ್ ಬದಲಿಸಿ ಸಾಗಿಸಬೇಕು. ವಿಂಡೋಸ್‌ಆ್ಯಪ್ಸ್ ಎಂಬ ಬೀಗ ಹಾಕಿದ ಫೋಲ್ಡರಿನೊಂದಿಗೆ ಗುದ್ದಾಡಿ ಫಲವಿಲ್ಲ. ಗಾಗ್‌ನ ಆಟಗಳಿಗೆ ಬೀಗವೇ ಇಲ್ಲ. ವಿಚರ್ 3 ಫೋಲ್ಡರನ್ನು ಹಾಗೆಯೇ ನಕಲು ಮಾಡಿ, ಗಾಗ್‌ನ ಆ್ಯಪ್ ಆದ ಗ್ಯಾಲಕ್ಸಿಗೆ ಹೊಸ ಜಾಗ ತೋರಿಸಿದೆ, ಒಪ್ಪಿಕೊಂಡಿತು. ಎಪಿಕ್‌ನ ಆಟಕ್ಕೆ ಅಕ್ಕನ ಮಗ ಹಳೆಯ ಉಪಾಯವೊಂದನ್ನು ಬಳಸಿದ: ಹಳೆಯ ಫೋಲ್ಡರಿನ ಹೆಸರು ಬದಲಿಸಿ, ಹೊಸ ಡ್ರೈವಿನಲ್ಲಿ ಆಟವನ್ನು ಇಳಿಸಲು ಶುರುಮಾಡಿ, ನೂರರಲ್ಲಿ ಎರಡು ಮೂರು ಪಾಲು ಆದ ಮೇಲೆ ನಿಲ್ಲಿಸಿ, ಹಳೆಯ ಕಡತಗಳನ್ನು ಅದರ ಮೇಲೆ ನಕಲು ಮಾಡಿ, ಮತ್ತೆ ಮುಂದುವರಿಸಿದ. ಎಪಿಕ್‌ನ ಲಾಂಚರ್, ಅಂದರೆ ಆಟ ಇಳಿಸಿ ತೆರೆಯುವ ಆ್ಯಪ್, ಅಲ್ಲಿದ್ದ ಕಡತಗಳನ್ನು ಪರಿಶೀಲಿಸಿ ಒಪ್ಪಿಕೊಂಡಿತು. ಚೆನ್ನಾಗಿ ಕೆಲಸ ಮಾಡಿತು, ಆದರೆ ಪ್ರತಿ ಆಟಕ್ಕೂ ಇಷ್ಟು ಹೆಜ್ಜೆ ಇಡುವುದು ಬೇಸರದ ಕೆಲಸ.

ಯಾವ ಲಾಂಚರೂ ಇಲ್ಲದೆ ಡಿವಿಡಿಯಿಂದ ಹಾಕಿಕೊಂಡ ಹಳೆಯ ಆಟವೊಂದು ನನ್ನಲ್ಲಿದೆ. ತಾನು ಡಿ ಡ್ರೈವಿನಲ್ಲಿ ಇದ್ದೇನೆಂದು ಅದು ವಿಂಡೋಸ್‌ನ ದಾಖಲೆ ಪುಸ್ತಕದಂತಿರುವ ರಿಜಿಸ್ಟ್ರಿಯಲ್ಲಿ ಬರೆದುಕೊಂಡಿದೆ. ಅದಕ್ಕೆ ಜಂಕ್ಷನ್ ಎಂಬ ಕೊಂಡಿಯನ್ನು ಹಾಕಿದೆ. ಫೋಲ್ಡರನ್ನು ಹೊಸ ಡ್ರೈವಿಗೆ ನಕಲು ಮಾಡಿ, ಹಳೆಯದರ ಹೆಸರು ಬದಲಿಸಿ, ಎಂಕೆಲಿಂಕ್ ಆಜ್ಞೆಗೆ ಜೆ ಎಂಬ ಸೂಚನೆ ಸೇರಿಸಿ ಹಳೆಯ ವಿಳಾಸದಲ್ಲಿ ಕೊಂಡಿಯನ್ನು ಕೂರಿಸಬೇಕು. ಆಜ್ಞೆಯಲ್ಲಿ ಮೊದಲು ಕೊಂಡಿಯ ವಿಳಾಸ, ಆಮೇಲೆ ಕಡತಗಳಿರುವ ನಿಜವಾದ ವಿಳಾಸ. ನಾನು ಅದಲು ಬದಲು ಬರೆದೆ, ಆ ಹೆಸರಿನದು ಆಗಲೇ ಇದೆ ಎಂದು ವಿಂಡೋಸ್ ನಿರಾಕರಿಸಿತು. ಸರಿಯಾಗಿ ಬರೆದ ಮೇಲೆ ಆಟ ತಾನು ಇನ್ನೂ ಡಿ ಡ್ರೈವಿನಲ್ಲೇ ಇದ್ದೇನೆಂದು ತಿಳಿದು ಹೊಸ ಡ್ರೈವಿನಿಂದ ಓಡಿತು. ಬಹಳ ಜನ ಈ ಕೊಂಡಿಯನ್ನು ಎಲ್ಲ ಆಟಗಳಿಗೂ ಶಿಫಾರಸು ಮಾಡುತ್ತಾರೆ. ನಾನು ಮಾಡುವುದಿಲ್ಲ. ಕೊಂಡಿ ಇರುವುದು ಹಳೆಯ ಡಿಸ್ಕಿನ ಮೇಲೆ. ಆ ಡಿಸ್ಕನ್ನು ಕಳಚಿದ ದಿನ, ಅಥವಾ ಹೊಸ ಡ್ರೈವಿನ ಅಕ್ಷರ ಬದಲಾದ ದಿನ, ಎಲ್ಲ ಆಟಗಳೂ ಒಟ್ಟಿಗೆ ದಾರಿ ತಪ್ಪುತ್ತವೆ. ಹಳೆಯ ಡಿಸ್ಕನ್ನು ನಿವೃತ್ತಿಗೊಳಿಸಬೇಕೆಂದು ಹೊರಟವರಿಗೆ ಇದು ಅದನ್ನೇ ಕಟ್ಟಿಹಾಕುವ ಉಪಾಯವಾಗುತ್ತದೆ.

ಮುಲುಂಡಿನ ಕಂಪ್ಯೂಟರಿನಲ್ಲಿ ಬೇಕಾಗಿದ್ದದ್ದು ಅಂಥ ನಿವೃತ್ತಿ. ಅಲ್ಲಿ ಮೊದಲು ಇಡೀ ಡಿಸ್ಕನ್ನು ಕ್ಲೋನ್ ಮಾಡಲು, ಅಂದರೆ ಇದ್ದದ್ದನ್ನು ಇದ್ದಂತೆಯೇ ನಕಲು ಮಾಡಲು, ಹೊರಟೆವು. ಅದಕ್ಕೆ ಬಳಸಿದ ಕ್ಲೋನೆಝಿಲ್ಲಾ ಉಚಿತ, ನಂಬಿಕೆಗೆ ಯೋಗ್ಯ. ಆದರೆ ಡಿಸ್ಕಿನಲ್ಲಿ ಕೆಟ್ಟ ಸೆಕ್ಟರುಗಳಿದ್ದವು, ಓದಲಾಗದ ಮೊದಲ ಜಾಗಕ್ಕೆ ಬಂದ ಕೂಡಲೇ ಕೆಲಸ ನಿಂತಿತು. ಕೆಟ್ಟದ್ದನ್ನು ದಾಟಿ ಮುಂದುವರಿಯುವ ಆಯ್ಕೆಯೂ ಅದರಲ್ಲಿದೆ. ಹಾಗೆ ಮಾಡಿದರೆ ಯಾವ ಆಟದ ಯಾವ ಕಡತ ಹಾಳಾಯಿತೆಂಬುದು ನಮಗೆ ತಿಳಿಯುವುದಿಲ್ಲ. ಅಕ್ಕ ಬಾಗಿಲಲ್ಲಿ ನಿಂತು, “ಆಯಿತೇನೋ? ಊಟಕ್ಕೆ ಬನ್ನಿ” ಎಂದು ಎರಡು ಸಲ ಕರೆದಿದ್ದಳು.

ಊಟದ ಹೊತ್ತಿಗೆ ಹೊಳೆದ ದಾರಿಯೇ ಈ ಇಡೀ ಹೋಲಿಕೆಯಲ್ಲಿ ನನಗೆ ಹೆಚ್ಚು ಮೆಚ್ಚುಗೆಯಾದದ್ದು. ಆ ಡಿಸ್ಕಿನಲ್ಲಿ ಆಟಗಳು ಬಿಟ್ಟರೆ ಬೇರೇನೂ ಇರಲಿಲ್ಲ, ವಿಂಡೋಸ್ ಬೇರೆ ಡ್ರೈವಿನಲ್ಲಿತ್ತು. ಎಲ್ಲ ಲಾಂಚರುಗಳೂ ಡಿ ಎಂಬ ಅಕ್ಷರವನ್ನು ನೆನಪಿಟ್ಟುಕೊಂಡಿವೆಯೇ ಹೊರತು ಡಿಸ್ಕನ್ನಲ್ಲ. ಆದ್ದರಿಂದ ಲಾಂಚರುಗಳನ್ನು ಮುಚ್ಚಿ, ಆಟಗಳ ಫೋಲ್ಡರುಗಳನ್ನೆಲ್ಲ ಅದೇ ಹೆಸರಿನಲ್ಲಿ ಹೊಸ ಡ್ರೈವಿಗೆ ರೋಬೋಕಾಪಿ ಮಾಡಿದೆವು. ಆಮೇಲೆ ಡಿಸ್ಕ್ ಮ್ಯಾನೇಜ್‌ಮೆಂಟ್‌ಗೆ ಹೋಗಿ ಹಳೆಯದಕ್ಕೆ ಬೇರೆ ಅಕ್ಷರ ಕೊಟ್ಟು, ಹೊಸದಕ್ಕೆ ಡಿ ಕೊಟ್ಟೆವು. ಸ್ಟೀಮ್, ಎಪಿಕ್, ಡೆಸ್ಕ್‌ಟಾಪಿನ ಶಾರ್ಟ್‌ಕಟ್‌ಗಳು, ಯಾವುದಕ್ಕೂ ಬದಲಾವಣೆ ತಿಳಿಯಲಿಲ್ಲ. ಆಟಗಳು ಎದ್ದು ಓಡಿದವು. ಅಕ್ಕನ ಮಗನ ಮುಖದಲ್ಲಿ ಆಗ ಕಂಡ ಸಂತೋಷ ನನಗೂ ಅಷ್ಟೇ ಆಗಿತ್ತು. ಈ ದಾರಿಯಲ್ಲಿ ಹೋಗುವವರು, ಎಕ್ಸ್‌ಬಾಕ್ಸ್ ಆಟಗಳಿದ್ದರೆ ಅವನ್ನು ಮಾತ್ರ ಮೊದಲೇ ಆ ಆ್ಯಪ್‌ನಿಂದ ಬೇರೆಡೆಗೆ ಸಾಗಿಸಿಡಬೇಕು.

ಕೆಟ್ಟ ಡಿಸ್ಕಿನ ಮೇಲೆ ರೋಬೋಕಾಪಿ ಓಡಿಸುವವರು ಒಂದು ವಿಷಯವನ್ನು ಮೊದಲೇ ತಿಳಿದಿರಬೇಕು. ಓದಲಾಗದ ಕಡತ ಸಿಕ್ಕಿದರೆ ಅದು ಪ್ರತಿ ಬಾರಿಯೂ 30 ಸೆಕೆಂಡು ಕಾದು ಮತ್ತೆ ಪ್ರಯತ್ನಿಸುತ್ತದೆ, ನಾವೇನೂ ಹೇಳದಿದ್ದರೆ ಹತ್ತು ಲಕ್ಷ ಸಲ. ನಾವು ಮುಕ್ಕಾಲು ಗಂಟೆ ಒಂದೇ ಸಾಲನ್ನು ನೋಡುತ್ತಾ ಕುಳಿತ ಮೇಲೆ ಇದು ಗೊತ್ತಾಯಿತು. ಆರ್ ಮತ್ತು ಡಬ್ಲ್ಯೂ ಎಂಬ ಸೂಚನೆಗಳಿಗೆ ಒಂದು ಎಂದು ಕೊಟ್ಟರೆ, ಒಂದು ಸೆಕೆಂಡು ಕಾದು ಇನ್ನೊಮ್ಮೆ ಮಾತ್ರ ಪ್ರಯತ್ನಿಸಿ ಮುಂದೆ ಹೋಗುತ್ತದೆ, ಸೋತ ಕಡತದ ಹೆಸರನ್ನೂ ತೋರಿಸುತ್ತದೆ. ನಮಗೆ ಮೂರು ಕಡತಗಳು ಸೋತವು, ಮೂರೂ ಸ್ಟೀಮ್ ಆಟಗಳವು. ಸ್ಟೀಮ್‌ನಲ್ಲಿ ಆ ಆಟಗಳ ಕಡತಗಳನ್ನು ಪರಿಶೀಲಿಸಲು ಹೇಳಿದೆವು, ಇಲ್ಲದಷ್ಟನ್ನು ಮಾತ್ರ ಇಳಿಸಿಕೊಂಡಿತು. ಮಧ್ಯೆ ಒಮ್ಮೆ ಕರೆಂಟು ಹೋಗಿತ್ತು. ಅದೇ ಆಜ್ಞೆಯನ್ನು ಮತ್ತೆ ಕೊಟ್ಟಾಗ ಮುಗಿದ ಕಡತಗಳನ್ನು ಬಿಟ್ಟು ಉಳಿದವನ್ನು ಮಾತ್ರ ನಕಲು ಮಾಡಿತು. ಇದೇ ಕಾರಣಕ್ಕೆ ಕಟ್ ಮಾಡಿ ಪೇಸ್ಟ್ ಮಾಡುವುದನ್ನು ನಾನು ಬಲವಾಗಿ ವಿರೋಧಿಸುತ್ತೇನೆ. ಹೊಸ ಜಾಗದಿಂದ ಆಟ ತೆರೆದು, ಉಳಿಸಿಟ್ಟ ಹಂತ ಸಿಕ್ಕಿದ ಮೇಲಷ್ಟೇ ಹಳೆಯದನ್ನು ಅಳಿಸಬೇಕು. ಈಗಿನ ಹೆಚ್ಚಿನ ಆಟಗಳು ನಮ್ಮ ಪ್ರಗತಿಯನ್ನು ಸಿ ಡ್ರೈವಿನ ಡಾಕ್ಯುಮೆಂಟ್ಸ್ ಅಥವಾ ಆ್ಯಪ್‌ಡೇಟಾ ಫೋಲ್ಡರಿನಲ್ಲಿ ಇಡುತ್ತವೆ. ಕೆಲವು ಹಳೆಯ ಆಟಗಳು ತಮ್ಮ ಫೋಲ್ಡರಿನಲ್ಲೇ ಇಟ್ಟುಕೊಳ್ಳುತ್ತವೆ. ಹಳೆಯದನ್ನು ಆತುರದಿಂದ ಅಳಿಸಿದರೆ ವರ್ಷಗಳ ಆಟ ಹೋಗುತ್ತದೆ.

ಎಲ್ಲವನ್ನೂ ಅಳಿಸಿ ಮತ್ತೆ ಇಳಿಸಿಕೊಳ್ಳುವುದು ಹೇಗೆ ಎಂದು ಕೇಳುವವರಿದ್ದಾರೆ. ನನ್ನ ಮನೆಯ ಸಂಪರ್ಕ 100 ಎಂಬಿಪಿಎಸ್, ಅಂದರೆ ಸೆಕೆಂಡಿಗೆ ಹನ್ನೆರಡೂವರೆ ಎಂಬಿ. 150 ಜಿಬಿಗೆ ಮೂರು ಗಂಟೆ ಇಪ್ಪತ್ತು ನಿಮಿಷ ಬೇಕು. ಮನೆಗೆ 1 ಜಿಬಿಪಿಎಸ್ ಫೈಬರ್ ಇದ್ದರೆ ಮಾತು ಬೇರೆ, ಅದರ ವೇಗ ಹಾರ್ಡ್ ಡಿಸ್ಕಿನಷ್ಟೇ ಆಗುತ್ತದೆ. ಅಂಥವರು ಸಾಗಾಟದ ಗೊಡವೆಗೇ ಹೋಗದಿರಬಹುದು.

ಇಷ್ಟಾದ ಮೇಲೆ ಸಿಕ್ಕಿದ್ದೇನು? ಬಾಲ್ಡರ್ಸ್ ಗೇಟ್ 3ರ ಅದೇ ಜಾಗ ಈಗ 24 ಸೆಕೆಂಡಿನಲ್ಲಿ ತೆರೆಯುತ್ತದೆ. ಕುತೂಹಲಕ್ಕೆ ಅದನ್ನೇ ಸೆಕೆಂಡಿಗೆ 550 ಎಂಬಿ ಮೀರದ ಹಳೆಯ ಸಾಟಾ ಎಸ್‌ಎಸ್‌ಡಿಯಲ್ಲೂ ಇಟ್ಟು ನೋಡಿದೆ, 29 ಸೆಕೆಂಡು ಹಿಡಿಯಿತು. ಪೆಟ್ಟಿಗೆಯ ಮೇಲಿನ ಅಂಕಿಗಳಲ್ಲಿ ಇವೆರಡಕ್ಕೆ ಆರೇಳು ಪಟ್ಟು ಅಂತರವಿದ್ದರೂ ಆಟದಲ್ಲಿ ಕಂಡದ್ದು ಐದು ಸೆಕೆಂಡು. ಡ್ರೈವಿನಿಂದ ಆಟದ ಮಾಹಿತಿಯನ್ನು ಬೇಗ ತರುವ ಡೈರೆಕ್ಟ್‌ಸ್ಟೋರೇಜ್ ಎಂಬ ವಿಂಡೋಸ್ ಸೌಲಭ್ಯವನ್ನು ಬಳಸುವ ಆಟಗಳಿಗೆ ಎನ್‌ವಿಎಂಇ ವೇಗದ ಲಾಭ ಹೆಚ್ಚು ಸಿಗಬಲ್ಲದು. 2023ರ ಜನವರಿಯಲ್ಲಿ ಬಂದ ಫೋರ್ಸ್‌ಪೋಕನ್ ಆ ಬಗೆಯದು. ಆದರೆ ಅಂಥವು ಇನ್ನೂ ಕೆಲವೇ. ಸಾಟಾ ಎಸ್‌ಎಸ್‌ಡಿ ಆಗಲೇ ಇರುವವರು ಆಟಗಳಿಗಾಗಿಯೇ ಎನ್‌ವಿಎಂಇಗೆ ಹಣ ಸುರಿಯುವ ಅಗತ್ಯ ನನಗೆ ಕಾಣುವುದಿಲ್ಲ. ಹಾರ್ಡ್ ಡಿಸ್ಕಿನಲ್ಲಿ ಕಾಯುತ್ತಿರುವವರು ಮಾತ್ರ ತಡಮಾಡಬಾರದು.

ಹೊಸ ಡ್ರೈವಿನಲ್ಲಿ ವಿಂಡೋಸ್ ತೋರಿಸುವ 931 ಜಿಬಿಯಲ್ಲಿ ನೂರು ಜಿಬಿಯಷ್ಟನ್ನು ಖಾಲಿ ಬಿಟ್ಟಿದ್ದೇನೆ, ತೀರಾ ತುಂಬಿದ ಎಸ್‌ಎಸ್‌ಡಿ ಬರೆಯುವಾಗ ನಿಧಾನವಾಗುತ್ತದೆ. ಆದ್ದರಿಂದ ಎಲ್ಲ ಆಟಗಳನ್ನೂ ಒಯ್ಯಲಿಲ್ಲ. ಸ್ಟಾರ್ಡ್ಯೂ ವ್ಯಾಲಿ ಒಂದು ಜಿಬಿಯೂ ಇಲ್ಲದ ಆಟ, ಎಲ್ಲಿಟ್ಟರೂ ಕಣ್ಣು ಮಿಟುಕಿಸುವಷ್ಟರಲ್ಲಿ ತೆರೆಯುತ್ತದೆ. ಅದು ನನ್ನ ಹಳೆಯ ಹಾರ್ಡ್ ಡಿಸ್ಕಿನಲ್ಲೇ ಇದೆ.