ಚಿಕ್ಕಮ್ಮನ ಸೋಬಾನೆಗೆ ಮೂರು ಪ್ಲಗಿನ್

ತಂಗಿ ಮದುವೆ ವಿಡಿಯೋಗೆ ಚಿಕ್ಕಮ್ಮನ ಸೋಬಾನೆ ಪದವೇ ಇರಬೇಕು ಅಂತ ಮನೆಯಲ್ಲಿ ತೀರ್ಮಾನವಾಯಿತು. ದಾವಣಗೆರೆಯ ನಮ್ಮ ಮನೆಯಲ್ಲಿ ಸ್ಟುಡಿಯೋ ಅಂದರೆ ಸೀರೆ ತುಂಬಿದ ಬೀರುವಿನ ಬಾಗಿಲು ತೆರೆದಿಟ್ಟು, ಫ್ಯಾನ್ ಆರಿಸಿ, ಮೈಕ್ ನಿಲ್ಲಿಸಿದ ಕೋಣೆ. ಚಿಕ್ಕಮ್ಮನದು ಗಟ್ಟಿ ದನಿ. ಎರಡು ಮೂರು ಕಡೆ ಮಾತ್ರ ಶ್ರುತಿ ಜಾರಿತ್ತು. ರೆಕಾರ್ಡಿಂಗ್ ಸಾಫ್ಟ್‌ವೇರ್ ಒಳಗೆ ಸೇರಿಸಿಕೊಳ್ಳುವ ಪುಟ್ಟ ಸಾಫ್ಟ್‌ವೇರ್‌ನಿಂದ, ಅಂದರೆ ಪ್ಲಗಿನ್‌ನಿಂದ, ಅಷ್ಟು ಸರಿ ಮಾಡೋಣ ಅಂತ ಶುರು ಮಾಡಿದ್ದು ಮೂರು ವಾರ ಹಿಡಿಯಿತು.

ಈ ಕೆಲಸಕ್ಕೇ ಹೆಸರಾಗಿಹೋದ ಆಟೋ-ಟ್ಯೂನ್ ಮುಟ್ಟಲಿಲ್ಲ, ದುಡ್ಡಿನ ಮಾತು. 1997ರಲ್ಲಿ ಅದನ್ನು ತಂದ ಆಂಡಿ ಹಿಲ್ಡೆಬ್ರಾಂಡ್ ಅದಕ್ಕೂ ಮುಂಚೆ ನೆಲದೊಳಗೆ ಬಿಟ್ಟ ಧ್ವನಿ ತರಂಗಗಳ ಲೆಕ್ಕ ಹಾಕಿ ಎಣ್ಣೆ ಹುಡುಕುವ ಕೆಲಸದಲ್ಲಿದ್ದವರು. ನಮ್ಮ ಕಡೆ ಅಂಗೈ ಮೇಲೆ ತೆಂಗಿನಕಾಯಿ ನಿಲ್ಲಿಸಿಕೊಂಡು ಬೋರ್ ಪಾಯಿಂಟ್ ತೋರಿಸುವವರು ನೆನಪಾದರು.

ಮೊದಲು ಹಾಕಿದ್ದು ಮೆಲ್ಡಾಪ್ರೊಡಕ್ಷನ್‌ನವರ ಎಂಆಟೋಪಿಚ್. ಪೂರ್ತಿ ಉಚಿತ. ಸ್ಕೇಲ್ (ಹಾಡಿನ ಸ್ವರಗಳ ಗುಂಪು) ಆರಿಸು, ಡೆಪ್ತ್ (ಎಷ್ಟು ತಿದ್ದಬೇಕು) ಮತ್ತು ಸ್ಪೀಡ್ (ಎಷ್ಟು ಬೇಗ ತಿದ್ದಬೇಕು) ತಿರುಗಿಸು, ಐದೇ ನಿಮಿಷಕ್ಕೆ ಫಲಿತಾಂಶ. ಎರಡನ್ನೂ ತುದಿಗೆ ಏರಿಸಿ ಕೇಳಿಸಿದೆ. ಚಿಕ್ಕಮ್ಮ ಹೆಡ್‌ಫೋನ್ ಕಿತ್ತಿಟ್ಟು, "ಅಲ್ಲೋ ಮಗಾ, ಇದು ನನ್ ದನಿ ಅಲ್ಲ. ರೈಲ್ವೆ ಸ್ಟೇಷನ್ನಾಗೆ ಕೂಗ್ತಾಳಲ್ಲ, ಅವಳ್ದು" ಅಂದರು.

ತಪ್ಪು ಅರ್ಧ ನನ್ನದೇ. ಇಂಥ ಪ್ಲಗಿನ್‌ಗಳು ಸಾಮಾನ್ಯವಾಗಿ ಪಾಶ್ಚಾತ್ಯ ಪದ್ಧತಿಯ 'ಎ' ಸ್ವರವನ್ನು 440 ಹರ್ಟ್ಸ್ ಅಂತ ಹಿಡಿದು ಉಳಿದ ಸ್ವರಗಳ ಲೆಕ್ಕ ಹಾಕುತ್ತವೆ. ಚಿಕ್ಕಮ್ಮ ಹಾರ್ಮೋನಿಯಂ ಕೇಳಿ ಹಾಡಿದವರಲ್ಲ. ಅವರ 'ಸ' ಕೂತದ್ದು ಜಿ ಮತ್ತು ಜಿ ಶಾರ್ಪ್ ಅನ್ನುವ ಅಕ್ಕಪಕ್ಕದ ಎರಡು ಮನೆಗಳ ನಡುವೆ. ಹಾಗಾಗಿ ಜಾರಿದ ಸ್ವರದ ಜೊತೆ ಸರಿಯಿದ್ದ ಸ್ವರಗಳನ್ನೂ ಅದು ಪಕ್ಕದ ಮನೆಗೆ ಎಳೆದುಕೊಂಡು ಹೋಗುತ್ತಿತ್ತು. ಮೊಬೈಲ್‌ನಲ್ಲಿ ತಂಬೂರಿ ಆ್ಯಪ್ ಹಾಕಿ, ಜಿ ಶ್ರುತಿಯನ್ನು ಕಿವಿಗೆ ಕೊಟ್ಟು ಮತ್ತೆ ಹಾಡಿಸಿದ ಮೇಲೆ ಅರ್ಧ ರೋಗ ವಾಸಿ. ಪ್ಲಗಿನ್ ಇಳಿಸುವ ಮುಂಚೆ ಮಾಡಬೇಕಿದ್ದ ಕೆಲಸ ಇದು. ಆಮೇಲೆ ಡೆಪ್ತ್ ಅರ್ಧಕ್ಕಿಳಿಸಿದಾಗ ನೀಟಾದ ಸ್ವರಗಳು ಚೆನ್ನಾಗೇ ಬಂದವು. ಆದರೆ ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವ ಕಡೆಯಲ್ಲೆಲ್ಲ ಮೆಟ್ಟಿಲು ಹತ್ತಿದಂತೆ ಕೇಳಿಸುತ್ತಿತ್ತು. ರ‍್ಯಾಪ್ ಮಾಡುವ ಹುಡುಗರಿಗೆ ಇದೇ ಸಾಕು, ಸೋಬಾನೆಗೆ ಆಗದು.

ಎರಡನೆಯದು ರೀಪರ್ ಅನ್ನುವ ರೆಕಾರ್ಡಿಂಗ್ ಸಾಫ್ಟ್‌ವೇರ್ ಜೊತೆಗೇ ಬರುವ ರೀಟ್ಯೂನ್. ರೀಪರ್ 60 ದಿನ ಎಲ್ಲ ಸೌಲಭ್ಯದ ಜೊತೆ ಪುಕ್ಕಟೆ ಸಿಗುತ್ತದೆ. ಇದರ ಆಟೊಮ್ಯಾಟಿಕ್ ಭಾಗ ನನಗೆ ಹಿಡಿಸಲಿಲ್ಲ. ಮ್ಯಾನುಯಲ್ ಭಾಗದಲ್ಲಿ ಹಾಡು ಓಡಿದಂತೆ ಶ್ರುತಿಯ ಗೆರೆ ಮೂಡುತ್ತದೆ, ತಪ್ಪಿದ ಜಾಗದಲ್ಲಷ್ಟೇ ನೀವು ಗೆರೆ ಎಳೆಯಬಹುದು. ಇದರ ಪರದೆ ನೋಡಲು ಹಳೇ ಸರ್ಕಾರಿ ಫಾರಂ ಥರ ಇದೆ. ಒಂದೆರಡು ಸಾಲಿನ ರಿಪೇರಿಗೆ ಅಡ್ಡಿಯಿಲ್ಲ. ಇಡೀ ಹಾಡು ಮಾಡುತ್ತ ಕೂತರೆ ಕಣ್ಣು ಹೋಗುತ್ತದೆ.

ಮೂರನೆಯದು, ಸೆಲೆಮನಿ ಕಂಪನಿಯ ಮೆಲೋಡೈನ್, ಬೇರೆಯದೇ ಜಾತಿ. ಹಾಡಿದ ಒಂದೊಂದು ಸ್ವರವೂ ಪರದೆ ಮೇಲೆ ಉಬ್ಬಿದ ಮಂಡಕ್ಕಿಯ ಹಾಗೆ ಕಾಣುತ್ತದೆ, ಅದರ ಮೇಲೆ ದನಿ ಓಲಾಡಿದ ಗೆರೆ. ಮಂಡಕ್ಕಿಯನ್ನು ಹಿಡಿದು ಮೇಲೆ ಕೆಳಗೆ ಸರಿಸಿದರೆ ಶ್ರುತಿ ಬದಲಾಗುತ್ತದೆ, ಒಳಗಿನ ಓಲಾಟ ಹಾಗೇ ಉಳಿಯುತ್ತದೆ. ಓಲಾಟಕ್ಕೆ ಬೇರೆ ಸಾಧನ, ಸ್ವರ ನಿಧಾನಕ್ಕೆ ಇಳಿದುಹೋಗುವುದಕ್ಕೆ ಇನ್ನೊಂದು. ನಾನು ಇಡೀ ಪದದಲ್ಲಿ ಮುಟ್ಟಿದ್ದು ಏಳೇ ಸ್ವರ. ನಮ್ಮ ಹಾಡಿಕೆಗೆ ಇದಕ್ಕಿಂತ ಒಗ್ಗುವುದು ಈ ಮೂರರಲ್ಲಿ ಇಲ್ಲ.

ತೊಂದರೆ ಇರುವುದು ದುಡ್ಡಿನಲ್ಲಿ. ಪುಕ್ಕಟೆ ಟ್ರಯಲ್ 30 ದಿನ, ಆಮೇಲೆ ಕೊಳ್ಳಬೇಕು. ಕಡಿಮೆ ಬೆಲೆಯ ಎಸೆನ್ಷಿಯಲ್ ಆವೃತ್ತಿಯಲ್ಲಿ ಓಲಾಟದ ಆ ಸಾಧನವೇ ಇಲ್ಲ, ಅದಕ್ಕೆ ಅದರ ಮೇಲಿನ ಅಸಿಸ್ಟೆಂಟ್ ಆವೃತ್ತಿ ಬೇಕು. ನಾನು ರೆಕಾರ್ಡಿಂಗ್ ಮುಗಿಯುವ ಮುಂಚೆಯೇ ಟ್ರಯಲ್ ಶುರು ಮಾಡಿ ಹನ್ನೊಂದು ದಿನ ಹಾಳು ಮಾಡಿಕೊಂಡೆ. ಹೊಸಬರು ಎಂಆಟೋಪಿಚ್‌ನಲ್ಲಿ ಕಿವಿ ಪಳಗಿಸಿಕೊಂಡು, ಹಾಡು ಕೈಗೆ ಬಂದ ದಿನ ಮೆಲೋಡೈನ್ ಇಳಿಸಿಕೊಳ್ಳಲಿ.

ಕೊನೆಯ ಮಿಕ್ಸ್ ಕೇಳಿ ಚಿಕ್ಕಮ್ಮ, "ಹ್ಞೂ, ಇದು ನಾನೇ. ಆದ್ರೆ ಮೂರನೇ ಸಾಲಿಗೆ ಮುಂಚೆ ಉಸಿರು ತಗಂಡಿದ್ನಲ್ಲ, ಅದೆಲ್ಲಿ ಹೋತು?" ಅಂದರು. ಅದು ಪ್ಲಗಿನ್ ಮಾಡಿದ್ದಲ್ಲ. ನಾನೇ ಕತ್ತರಿಸಿದ್ದೆ. ಆ ರಾತ್ರಿಯೇ ವಾಪಸ್ ಕೂರಿಸಿದೆ.