ಡಾಸ್-21 ಪ್ರಶ್ನಾವಳಿ: ಫಾರಂ ಚೆನ್ನಾಗಿದೆ, ಎಡವಟ್ಟಾಗುವುದು ಲೆಕ್ಕದಲ್ಲಿ

ಮಂಗಳೂರು, ದೇರಳಕಟ್ಟೆ, ಮಣಿಪಾಲದ ಕಡೆ ನರ್ಸಿಂಗ್, ಸಮಾಜಕಾರ್ಯದ ಪ್ರಾಜೆಕ್ಟ್ ಮಾಡುವವರಿಗೆ ಮನಸ್ಸಿನ ಸ್ಥಿತಿ ಅಳೆಯುವ ಡಾಸ್-21 ಹೊಸತೇನಲ್ಲ. ಆಸ್ಟ್ರೇಲಿಯಾದಲ್ಲಿ ಲೋವಿಬಾಂಡ್ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು 1995ರಲ್ಲಿ ಕೊಟ್ಟ 42 ಪ್ರಶ್ನೆಗಳ ಫಾರಂನ ಚಿಕ್ಕ ರೂಪ ಇದು. ಖಿನ್ನತೆ, ಆತಂಕ, ಒತ್ತಡಕ್ಕೆ ತಲಾ 7 ಪ್ರಶ್ನೆ. ಕಳೆದ ಒಂದು ವಾರ ಹೇಗಿತ್ತೆಂದು 0ರಿಂದ (ಇಲ್ಲವೇ ಇಲ್ಲ) 3ರವರೆಗೆ (ತುಂಬಾ) ಗುರುತು ಹಾಕಬೇಕು. ಐದು ಹತ್ತು ನಿಮಿಷ ಸಾಕು, ದುಡ್ಡು ಕೊಡಬೇಕಿಲ್ಲ. ಈ ಬೆಲೆಗೆ ಇಷ್ಟು ಒಳ್ಳೆಯ ಸಾಧನ ಸಿಗುವುದು ಅಪರೂಪ.

ಮುಖ್ಯ ತಪ್ಪು ಕೂಡುವಾಗ ಆಗುತ್ತದೆ. ಎಷ್ಟು ಅಂಕಕ್ಕೆ ಸೌಮ್ಯ, ಎಷ್ಟಕ್ಕೆ ತೀವ್ರ ಎಂದು ಹೇಳುವ ಮಟ್ಟಗಳ ಪಟ್ಟಿ ಇರುವುದು 42 ಪ್ರಶ್ನೆಯ ಅಂಕಕ್ಕೆ. ಹಾಗಾಗಿ ಪ್ರತಿ ಗುಂಪಿನ ಮೊತ್ತವನ್ನು 2ರಿಂದ ಗುಣಿಸಲೇಬೇಕು. ಖಿನ್ನತೆಯಲ್ಲಿ 11 ಬಂದರೆ ಅದನ್ನು ಹಾಗೇ ಪಟ್ಟಿಗೆ ಹಿಡಿದವರು ‘ಸೌಮ್ಯ’ (10–13) ಎಂದು ಬರೆದುಬಿಡುತ್ತಾರೆ. ಸರಿಯಾದ ಅಂಕ 22, ಅಂದರೆ ‘ತೀವ್ರ’ (21–27). ನೆರವು ಬೇಕಾದವರು ಹೀಗೆ ಕೈತಪ್ಪಿ ಹೋಗುತ್ತಾರೆ. ಆತಂಕದ ಪಟ್ಟಿ ಬೇರೆಯೇ: ಅಲ್ಲಿ 20 ಬಂದರೇ ಅತಿತೀವ್ರ, ಒತ್ತಡದಲ್ಲಿ ಅದಕ್ಕೆ 34 ಬೇಕು.

ಇನ್ನೊಂದು ತೊಡಕು ಭಾಷೆಯದು. ನಮ್ಮೂರಲ್ಲಿ ‘ತಲೆಬಿಸಿ’ ಅಂದರೆ ಚಿಂತೆಯೂ ಹೌದು, ಸಿಟ್ಟೂ ಹೌದು. ತುಳುವಿನ ‘ಮಂಡೆಬೆಚ್ಚ’ವೂ ಹಾಗೇ. ಫಾರಂನಲ್ಲಿ ಮಾತ್ರ ಒತ್ತಡವೆಂದರೆ ಕಿರಿಕಿರಿ, ಸಡಿಲಗೊಳ್ಳಲಾಗದಿರುವುದು. ಆತಂಕವೆಂದರೆ ಬಾಯಿ ಒಣಗುವುದು, ಕೈ ನಡುಗುವುದು, ಗಾಬರಿ. ಓದಿ ಹೇಳುವುದಾದರೆ ತುಳು ಮಾತುಗಳನ್ನು ಮೊದಲೇ ಬರೆದಿಟ್ಟುಕೊಂಡು ಎಲ್ಲರಿಗೂ ಅದನ್ನೇ ಹೇಳಬೇಕು. ಎದೆಬಡಿತದ 19ನೇ ಪ್ರಶ್ನೆಯಲ್ಲಿ ‘ದೈಹಿಕ ಶ್ರಮವಿಲ್ಲದೆಯೂ’ ಎಂಬ ಮಾತು ಬಿಟ್ಟುಹೋದರೆ, ಬಾವುಟಗುಡ್ಡೆ ಹತ್ತಿ ಕಾಲೇಜಿಗೆ ಬಂದ ಹುಡುಗನೂ 3 ಹಾಕುತ್ತಾನೆ! ಶೀತದ ಮಾತ್ರೆಯಿಂದ ಬಾಯಿ ಒಣಗಿದವರು, ಅಸ್ತಮಾದಿಂದ ಉಸಿರಾಟದ ತೊಂದರೆ ಇರುವವರು ಇದ್ದಾರೆಯೇ ಎಂದೂ ಕೇಳಿಕೊಳ್ಳಿ.

ದೊಡ್ಡ ಕೊರತೆಯೊಂದಿದೆ: ಆತ್ಮಹತ್ಯೆಯ ಯೋಚನೆಯ ಬಗ್ಗೆ ಇದರಲ್ಲಿ ಪ್ರಶ್ನೆಯೇ ಇಲ್ಲ. ಖಿನ್ನತೆ ಅಳೆಯುವ ಇನ್ನೊಂದು ಫಾರಂ ಪಿಎಚ್‌ಕ್ಯೂ-9ರ ಕೊನೆಯ ಪ್ರಶ್ನೆ ಅದನ್ನು ನೇರವಾಗಿ ಕೇಳುತ್ತದೆ. ಡಾಸ್‌ನಲ್ಲಿ ಬದುಕಿಗೆ ಅರ್ಥವಿಲ್ಲ ಎನ್ನುವ 21ನೇ ಪ್ರಶ್ನೆಗೆ 2 ಅಥವಾ 3 ಕಂಡರೆ ಅದೇ ದಿನ ಆ ವ್ಯಕ್ತಿಯ ಜೊತೆ ಕೂತು ಮಾತಾಡಿ, ಸರ್ಕಾರದ ಉಚಿತ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ ಸಂಖ್ಯೆ 14416 ಕೊಡಿ. ಅಂಕವನ್ನು ರೋಗನಿರ್ಣಯ ಅನ್ನಬೇಡಿ. ಅದು ವೈದ್ಯರ ಕೆಲಸ.

ತರಗತಿಯಲ್ಲಿ ಒಂದೇ ಬೆಂಚಿನಲ್ಲಿ ಮೂವರನ್ನು ಕೂರಿಸಿ ಫಾರಂ ಕೊಡಬೇಡಿ. ಪಕ್ಕದವರು ನೋಡುತ್ತಾರೆಂದು ಸಾಲಾಗಿ 0 ಹಾಕಿಬಿಡುತ್ತಾರೆ.